ಮೇಲೊಂದು ಮಾತು, ಒಳಗೊಂದು ಮಾತು: ಧಾರಾವಾಹಿಗೆ ದೃಶ್ಯ ಬರೆಯುವವರಿಗೆ

ಟಿವಿ ಧಾರಾವಾಹಿಗೆ ಬರೆಯಬೇಕು ಅಂತ ಆಸೆ ಇರುವವರು, ಅದರಲ್ಲೂ ಸಾಗರ, ತೀರ್ಥಹಳ್ಳಿ, ಹೊಸನಗರದ ಕಡೆಯವರು, ತಿರುಗಿ ತಿರುಗಿ ಕೇಳುವ ಪ್ರಶ್ನೆ ಒಂದೇ. ಪಾತ್ರಗಳು ಬಾಯಲ್ಲಿ ಒಂದು ಹೇಳುತ್ತಾ ಮನಸ್ಸಲ್ಲಿ ಇನ್ನೊಂದು ಇಟ್ಟುಕೊಂಡಿರಬೇಕು, ನೋಡುವವರಿಗೆ ಅದು ಗೊತ್ತಾಗಬೇಕು, ಆದರೆ ಯಾರೂ ಅದನ್ನು ಬಿಡಿಸಿ ಹೇಳಬಾರದು, ಇದನ್ನು ಬರೆಯೋದು ಹೇಗೆ? ಒಬ್ಬೊಬ್ಬರಿಗೆ ಬೇರೆ ಬೇರೆ ಉತ್ತರ ಬರೆಯುವ ಬದಲು ಎಲ್ಲ ಇಲ್ಲೇ ಒಟ್ಟಿಗೆ ಹೇಳಿಬಿಡುತ್ತೇನೆ.

ಒಂದು ವಿಷಯ ಮೊದಲೇ ತಿಳಿದಿರಲಿ. ಜಾಣ ಡೈಲಾಗ್ ಹೊಸೆಯುವುದಕ್ಕೂ ಇದಕ್ಕೂ ಸಂಬಂಧ ಇಲ್ಲ. ಒಬ್ಬ ಮನುಷ್ಯನಿಗೆ ಏನೋ ಬೇಕಾಗಿದೆ. ಬಾಯಿ ಬಿಟ್ಟು ಕೇಳೋಕೆ ಆಗ್ತಿಲ್ಲ. ಸುಮ್ನೆ ಇರೋಕೂ ಆಗ್ತಿಲ್ಲ. ಆಗ ಅವನು ಮಳೆ ಬಗ್ಗೆ ಮಾತಾಡಿದರೂ ಆ ಮಾತಿಗೆ ತೂಕ ಬರುತ್ತದೆ. ಹಾಗಾಗಿ ನಿಮ್ಮ ಕೆಲಸದ ಮುಕ್ಕಾಲು ಭಾಗ ಮೊದಲ ಡೈಲಾಗ್ ಬರೆಯುವುದಕ್ಕಿಂತ ಮುಂಚೆಯೇ ಮುಗಿದಿರಬೇಕು.

ಏನೇನು ಬೇಕು

ಒಂದು ನೋಟ್‌ಬುಕ್ಕು, ಒಂದು ಪೆನ್ನು. ಟೈಪ್ ಮಾಡುವುದಾದರೆ ಯುನಿಕೋಡ್‌ನಲ್ಲೇ ಮಾಡಿ. ನುಡಿ, ಬರಹ ತಂತ್ರಾಂಶಗಳ ಹಳೆ ಫಾಂಟ್‌ನಲ್ಲಿ ಬರೆದು ಹಾಗೇ ಕಳಿಸಿದರೆ ಓದುವವರ ಮೊಬೈಲ್‌ನಲ್ಲಿ ಅದು ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳ ರಾಶಿಯಾಗಿ ಕಾಣುತ್ತದೆ, ಅವರು ಎರಡನೇ ಸಲ ಕೇಳುವುದೂ ಇಲ್ಲ.

ನಾಲ್ಕು ಪದ ಗೊತ್ತಿದ್ದರೆ ಸಾಕು. 'ಒನ್‌ಲೈನ್' ಅಂದರೆ ದೃಶ್ಯದಲ್ಲಿ ಏನಾಗುತ್ತದೆ ಅಂತ ಒಂದೆರಡು ಸಾಲಲ್ಲಿ ಬರೆದದ್ದು. 'ಸಬ್‌ಟೆಕ್ಸ್ಟ್' ಅಂದರೆ ಮಾತಿನ ಕೆಳಗಿರುವ ಮಾತು, ನಾನು ಇಲ್ಲಿ ಒಳಮಾತು ಅಂತ ಕರೆಯುತ್ತೇನೆ. 'ಹುಕ್' ಅಂದರೆ ನಾಳೆಯೂ ನೋಡುವ ಹಾಗೆ ಎಪಿಸೋಡಿನ ಕೊನೆಯಲ್ಲಿ ಬಿಡುವ ಕೊಕ್ಕೆ. 'ರಿಯಾಕ್ಷನ್ ಶಾಟ್' ಅಂದರೆ ಮಾತು ಕೇಳಿಸಿಕೊಂಡವರ ಮುಖ ತೋರಿಸುವುದು.

1. ಹೇಳಲಾಗದ್ದನ್ನು ಮೊದಲು ಬರೆಯಿರಿ

ದೃಶ್ಯದಲ್ಲಿರುವ ಪ್ರತಿಯೊಬ್ಬರಿಗೂ ಎರಡು ಸಾಲು. ಇವರಿಗೆ ಏನು ಬೇಕು? ಅದನ್ನು ಯಾಕೆ ಹೇಳಲಾಗುತ್ತಿಲ್ಲ?

ಎರಡನೇ ಸಾಲಲ್ಲೇ ಜಾಸ್ತಿ ಜನ ಜಾರುವುದು. "ಅವನಿಗೆ ನಾಚಿಕೆ", "ಅವಳಿಗೆ ಭಯ" ಅಂತ ಬರೆದು ಮುಂದೆ ಹೋಗುತ್ತಾರೆ. ಅಷ್ಟು ಸಾಲದು. ಹೇಳಿದರೆ ಏನು ಕಳೆದುಕೊಳ್ಳುತ್ತಾರೆ ಅಂತ ಬರೆಯಿರಿ. ನಮ್ಮ ಕಡೆ ಇದಕ್ಕೆ ಬರವಿಲ್ಲ, ಯಾಕೆಂದರೆ ಇಲ್ಲಿ ಅರ್ಧ ಬದುಕು ದಾಕ್ಷಿಣ್ಯದ ಮೇಲೆ ನಡೆಯುತ್ತದೆ. ಕೊಟ್ಟ ಸಾಲ ವಾಪಸ್ ಕೇಳಿದರೆ ನಾಳೆ ಅಡಿಕೆ ಕೊನೆ (ಗೊನೆ) ಕೊಯ್ಯೋಕೆ ಅದೇ ಮನೆಯವರನ್ನು ಕರೆಯಬೇಕು. ಮದುವೆ ಬೇಡ ಅಂತ ನೇರವಾಗಿ ಹೇಳಿದರೆ ಮಧ್ಯೆ ನಿಂತ ಸೋದರಮಾವನ ಮುಖ ಕೆಡುತ್ತದೆ.

ಈ ಲೇಖನದುದ್ದಕ್ಕೂ ಒಂದೇ ಉದಾಹರಣೆ ಇಟ್ಟುಕೊಳ್ಳೋಣ. ತೀರ್ಥಹಳ್ಳಿ ಕಡೆ ಒಂದು ಅಡಿಕೆ ತೋಟದ ಮನೆ. ಅಪ್ಪ ತೀರಿಕೊಂಡಿದ್ದಾರೆ. ತಮ್ಮ ಬೆಂಗಳೂರಲ್ಲಿದ್ದಾನೆ, ಕೊಯ್ಲಿನ ಹೊತ್ತಿಗೆ ಊರಿಗೆ ಬಂದಿದ್ದಾನೆ. ಅವನಿಗೆ ಬೇಕಾದದ್ದು ತೋಟದಲ್ಲಿ ತನ್ನ ಪಾಲು. ಕೇಳಿದರೆ ಇಷ್ಟು ವರ್ಷ ಅಪ್ಪ ಅಮ್ಮನನ್ನು ನೋಡಿಕೊಂಡ ಅಣ್ಣನ ಎದುರು ಸಣ್ಣವನಾಗುತ್ತಾನೆ. ಅಣ್ಣನಿಗೆ ಬೇಕಾದದ್ದು ಈ ಮಾತು ಬಾರದೇ ಇರುವುದು. ಬೇಡ ಅಂತ ಹೇಳುವ ಹಕ್ಕು ತನಗಿಲ್ಲ ಅಂತ ಅವನಿಗೂ ಗೊತ್ತು. ಅತ್ತಿಗೆಗೆ ಬೇಕಾದದ್ದು ಇವನು ಬೇಗ ಹೊರಡುವುದು.

2. ಮೇಲುಮಾತನ್ನು ಆರಿಸಿ

ಒಳಗಿನದ್ದು ಗೊತ್ತಾಯಿತು. ಈಗ ಅವರು ಯಾವುದರ ಬಗ್ಗೆ ಮಾತಾಡುತ್ತಾರೆ? ನನ್ನ ಪ್ರಕಾರ ದೃಶ್ಯ ಗೆಲ್ಲುವುದೂ ಸೋಲುವುದೂ ಇಲ್ಲೇ, ಆದ್ದರಿಂದ ಅವಸರ ಮಾಡಬೇಡಿ.

ಮೇಲುಮಾತಿಗೆ ತನ್ನದೇ ಕೆಲಸ ಇರಬೇಕು. ಅದಕ್ಕೊಂದು ಪರೀಕ್ಷೆ ಇದೆ: ಒಳಮಾತು ಏನೂ ಗೊತ್ತಿಲ್ಲದವರು ಆ ಸಂಭಾಷಣೆ ಕೇಳಿದರೂ ಅವರಿಗೆ ಅದು ಸಹಜ ಅನಿಸಬೇಕು. "ಮರಕ್ಕೆ ಬೇರು ಮುಖ್ಯ ಅಣ್ಣ, ಕೊಂಬೆಗೂ ನೀರು ಬೇಕು" ಅಂತ ತಮ್ಮನ ಕೈಲಿ ಹೇಳಿಸಿದಿರೋ, ಮುಗಿಯಿತು. ಯಾವ ತಮ್ಮನೂ ಹಾಗೆ ಮಾತಾಡುವುದಿಲ್ಲ. ಅದು ಒಳಮಾತಿಗೆ ಸೀರೆ ಉಡಿಸಿ ಮೆರವಣಿಗೆ ಮಾಡಿದ ಹಾಗೆ.

ನಮ್ಮಲ್ಲಿ ದಿನವೂ ಆಡುವ ಮಾತುಗಳನ್ನೇ ನೋಡಿ. "ನಿಮ್ಮಲ್ಲಿ ಕೊಯ್ಲು ಮುಗೀತಾ?" ಅಂತ ಸುಮ್ನೆ ಕುಶಲಕ್ಕೂ ಕೇಳಬಹುದು. ದುಡ್ಡು ಕೊಟ್ಟವರು ಕೇಳಿದರೆ ಕಥೆಯೇ ಬೇರೆ. ಹೆಣ್ಣಿನ ಕಡೆಯವರು "ಮನೆ ತನಕ ಕಾರು ಬರುತ್ತಾ?" ಅಂದಾಗ ಅವರು ರಸ್ತೆಯನ್ನೊಂದೇ ಅಳೆಯುತ್ತಿರುವುದಿಲ್ಲ, ಹುಡುಗ ಊರಲ್ಲೇ ಉಳಿಯುವವನಾ ಅನ್ನುವುದೂ ಅದರಲ್ಲೇ ಇದೆ. ಸಂಜೆ ಜಗುಲಿಯಲ್ಲಿ ಕೂತ ನೆಂಟರು "ಕೊನೆ ಬಸ್ ಎಷ್ಟಕ್ಕೆ?" ಅಂತ ಕೇಳಿದರೆ ಅವರಿಗೆ ಉಳಿಯುವ ಮನಸ್ಸಿದೆ ಅಂತಲೂ ಇರಬಹುದು, ಎದ್ದು ಹೋಗೋಕೆ ನೆಪ ಹುಡುಕುತ್ತಿದ್ದಾರೆ ಅಂತಲೂ ಇರಬಹುದು. ಉತ್ತರ ಕೊಡುವವರು ಟೈಮ್ ಹೇಳುತ್ತಾರಾ ಅಥವಾ "ಬಸ್ಸೆಂತಕ್ಕೆ ಈಗ, ಕೂತ್ಕೊಳಿ" ಅನ್ನುತ್ತಾರಾ, ಅಲ್ಲಿ ಸಂಬಂಧ ಎಷ್ಟು ಹತ್ತಿರದ್ದು ಅಂತ ತಿಳಿದುಹೋಗುತ್ತದೆ.

ಎರಡು ಎಚ್ಚರಿಕೆ. ವಿವರ ಈಗಲೂ ನಿಜವಾ ಅಂತ ನೋಡಿಕೊಳ್ಳಿ. ಶರಾವತಿ ಹಿನ್ನೀರಿನ ಕಥೆ ಬರೆಯುವವರೆಲ್ಲ ಹಿನ್ನೀರು ದಾಟಿಸುವ ಕೊನೆ ಲಾಂಚ್ ತಪ್ಪಿಸಿಕೊಂಡು ಒಂದು ರಾತ್ರಿ ಉಳಿಯುವ ದೃಶ್ಯ ಬರೆಯುತ್ತಾರೆ. 2025ರ ಜುಲೈನಲ್ಲಿ ಸಿಗಂದೂರು ಸೇತುವೆ ತೆರೆದಾಯಿತು. ಅಂಬಾರಗೋಡ್ಲು ಕಳಸವಳ್ಳಿ ನಡುವಿನ ಆ ದೃಶ್ಯ ಇನ್ನು ಹಳೆ ಕಾಲದ ಕಥೆಗೆ ಮಾತ್ರ. ಇನ್ನೊಂದು, ಮಲೆನಾಡು ಅಂದ ಕೂಡಲೇ ಪ್ರತಿ ದೃಶ್ಯಕ್ಕೂ ಮಳೆ ಸುರಿಸಬೇಡಿ. ಶೂಟಿಂಗ್ ಜಾಗದಲ್ಲೇ ಧ್ವನಿ ದಾಖಲಿಸುವುದಾದರೆ ತಗಡಿನ ಮೇಲೆ ಬೀಳುವ ಮಳೆಯಲ್ಲಿ ಮೆಲ್ಲಗೆ ಆಡಿದ ಮಾತು ಒಂದೂ ಉಳಿಯುವುದಿಲ್ಲ. ಈ ಬಗೆಯ ದೃಶ್ಯದಲ್ಲಿ ಮೆಲ್ಲಗೆ ಆಡುವ ಮಾತೇ ಜಾಸ್ತಿ.

3. ಕೇಳುವವರು ಯಾರು ಅಂತ ನಿರ್ಧರಿಸಿ

11ನೇ ಶತಮಾನದ ಕಾಶ್ಮೀರದಲ್ಲಿ ಮಮ್ಮಟ ಅನ್ನುವ ಪಂಡಿತ 'ಕಾವ್ಯಪ್ರಕಾಶ'ದಲ್ಲಿ ಒಂದು ಸಣ್ಣ ವಾಕ್ಯ ಇಟ್ಟುಕೊಂಡು ಕೇಳುವವರು ಬದಲಾದರೆ ಅರ್ಥವೂ ಬದಲಾಗುತ್ತದೆ ಅಂತ ತೋರಿಸಿದ್ದಾನೆ. "ಸೂರ್ಯ ಮುಳುಗಿದ." ಅಷ್ಟೇ ವಾಕ್ಯ. ದಾಳಿಗೆ ಕಾಯುತ್ತಿರುವ ಸೇನಾಪತಿಗೆ ಅದು ನುಗ್ಗು ಅಂತ ಕೇಳಿಸುತ್ತದೆ. ಗುಟ್ಟಾಗಿ ನಲ್ಲನನ್ನು ಕಾಣಲು ಹೊರಟವಳಿಗೆ ಈಗ ಹೊರಡು ಅಂತ, ಕೆಲಸ ಮಾಡುತ್ತಿರುವವರಿಗೆ ಸಾಕು ನಿಲ್ಲಿಸೋಣ ಅಂತ, ದನ ಕಾಯುವವನಿಗೆ ಹೊಡೆದುಕೊಂಡು ಬಾ ಅಂತ. ವಾಕ್ಯದಲ್ಲಿ ಒಂದಕ್ಷರ ಬದಲಾಗಿಲ್ಲ.

ಹಾಗಾಗಿ ಡೈಲಾಗ್ ತಿದ್ದುವುದಕ್ಕಿಂತ ಮೊದಲು ಕೇಳುವವರನ್ನು ಬದಲಾಯಿಸಿ ನೋಡಿ. ಒಳಮಾತು ಅರ್ಥವಾದವರು, ಅರ್ಥವಾಗದವರು, ಅರ್ಥವಾಗಿಯೂ ಆಗದ ಹಾಗೆ ಇರುವವರು, ಹೀಗೆ ಮೂರು ಬಗೆ. ಮೂರನೆಯವರೇ ನಿಮ್ಮ ಬಂಡವಾಳ. ನಮ್ಮ ಕಥೆಯ ಅಣ್ಣ ಅಂಥವನು.

ಇವರ ಜೊತೆ ಮನೆಯಲ್ಲಿ ಟಿವಿ ಮುಂದೆ ಕೂತವರೂ ಇದ್ದಾರಲ್ಲ. ಅವರಿಗೆ ಗುಟ್ಟು ಮೊದಲೇ ಗೊತ್ತಿರಬೇಕು. ಬರೆಯಲು ಶುರು ಮಾಡಿದವರು ನೋಡುಗರಿಂದಲೂ ಮುಚ್ಚಿಟ್ಟು ಆಮೇಲೆ ಶಾಕ್ ಕೊಡೋಣ ಅಂದುಕೊಳ್ಳುತ್ತಾರೆ. ಹಾಗೆ ಮಾಡಿದರೆ ಈ ದೃಶ್ಯ ಇಬ್ಬರು ಅಡಿಕೆ ಬಗ್ಗೆ ಮಾತಾಡಿದ ಬೋರ್ ದೃಶ್ಯವಾಗಿ ಹೋಗುತ್ತದೆ. ಅದಕ್ಕೆ ಹಿಂದಿನ ಎಪಿಸೋಡಿನಲ್ಲಿ ತಮ್ಮನ ಹೆಂಡತಿ ಫೋನಲ್ಲಿ ಒಂದೇ ಸಾಲು ಹೇಳಲಿ: "ಸೈಟಿಗೆ ಅಡ್ವಾನ್ಸ್ ತಿಂಗಳ ಕೊನೆಯೊಳಗೆ ಕೊಡಬೇಕಂತೆ, ಅಣ್ಣನ ಹತ್ರ ಮಾತಾಡಿದ್ರಾ?" ಮನೆಗೆ ಬಂದ ಕೂಡಲೇ ಅವನು ನಾಲ್ಕು ದಿನ ರಜೆ ಹಾಕಿ ಬಂದಿದ್ದೇನೆ ಅಂತಲೂ ಹೇಳಿರಲಿ. ಈ ಎರಡು ಬೀಜ ಸಾಕು.

4. ಮೊದಲು ಬಿಚ್ಚಿ ಬರೆಯಿರಿ, ಆಮೇಲೆ ಮುಚ್ಚಿ ಬರೆಯಿರಿ

ಮೊದಲನೇ ಸಲ ಎಲ್ಲರೂ ಮನಸ್ಸಲ್ಲಿದ್ದದ್ದನ್ನು ನೇರವಾಗಿ ಹೇಳಲಿ. ತಮ್ಮ ಪಾಲು ಕೇಳಲಿ, ಅಣ್ಣ ಕಷ್ಟಕ್ಕೆ ಯಾರು ಬಂದಿದ್ದರು ಅಂತ ಕೂಗಲಿ, ಅತ್ತಿಗೆ ನಾಳೆಯೇ ಹೊರಡು ಅನ್ನಲಿ. ಇದು ನಿಮಗೆ ಮಾತ್ರ. ಯಾರಿಗೂ ತೋರಿಸಬೇಡಿ. ಆಮೇಲೆ ಅದೇ ದೃಶ್ಯವನ್ನು ಮೇಲುಮಾತಿನಲ್ಲಿ ಬರೆಯಿರಿ, ಸಾಲಿಗೆ ಸಾಲು.

ರಾತ್ರಿ. ಜಗುಲಿ. ಅಣ್ಣ ಮೆಟ್ಟುಗತ್ತಿಯಲ್ಲಿ ಅಡಿಕೆ ಸುಲಿಯುತ್ತಿದ್ದಾನೆ. ತಮ್ಮ ಬಂದು ಪಕ್ಕದಲ್ಲಿ ಕೂರುತ್ತಾನೆ.

ತಮ್ಮ: ಮೇಲಿನ ತೋಟ ಈ ಸಲ ಹೆಂಗೆ ಅಣ್ಣ?

ಅಣ್ಣ: ಕೊಳೆ ಬಂತಲ್ಲ ಮಾರಾಯ. ಮಳೆಗಾಲದಲ್ಲೇ ಅರ್ಧ ಉದುರಿಹೋಯ್ತು.

ತಮ್ಮ: ಮೇಲಿನದಕ್ಕೂ ಬಂತಾ? ಅಪ್ಪ ಇರುವಾಗ ಅಲ್ಲಿಗೆ ಬರ್ತಿರ್ಲಿಲ್ಲ.

ಅಣ್ಣ: ಅಪ್ಪ ಇರುವಾಗ ಔಷಧಿ ಹೊಡೆಸೋಕೆ ಇಬ್ರು ಗಂಡುಮಕ್ಕಳು ಇದ್ರು.

(ತಮ್ಮ ಒಂದು ಹಸಿ ಅಡಿಕೆ ಕೈಗೆ ತಗೊಂಡು ನೋಡುತ್ತಾನೆ. ಸುಲಿಯುವುದಿಲ್ಲ.)

ತಮ್ಮ: ರಾಶಿಗೆ ರೇಟ್ ಚೆನ್ನಾಗಿದೆಯಂತೆ.

ಅಣ್ಣ: ಪೇಪರ್‌ನಲ್ಲಿ ಇದೆ.

ಅತ್ತಿಗೆ (ಒಳಗಿನಿಂದ): ದೋಸೆಗೆ ರುಬ್ಬಿಟ್ಟಿದೀನಿ. ಬೆಳಿಗ್ಗೆ ತಿಂದ್ಕೊಂಡೇ ಬಸ್ಸಿಗೆ ಹೋಗಬಹುದು ನೀನು.

(ಅಣ್ಣ ತಲೆ ಎತ್ತುವುದಿಲ್ಲ. ತಮ್ಮ ಕೈಯಲ್ಲಿದ್ದ ಅಡಿಕೆಯನ್ನು ರಾಶಿಗೆ ವಾಪಸ್ ಹಾಕುತ್ತಾನೆ.)

ಕೊಳೆ ಅಂದರೆ ಮಳೆಗಾಲದಲ್ಲಿ ಅಡಿಕೆ ಉದುರಿಸುವ ರೋಗ, ಔಷಧಿ ಅಂದರೆ ಅದಕ್ಕೆ ಹೊಡೆಸುವ ಮೈಲುತುತ್ತ ಸುಣ್ಣದ ಬೋರ್ಡೋ ದ್ರಾವಣ, ರಾಶಿ ಅಂದರೆ ಬೇಯಿಸಿ ಒಣಗಿಸಿದ ಅಡಿಕೆಯ ಒಂದು ದರ್ಜೆ. ಘಟ್ಟದ ಮೇಲಿನವರಿಗೆ ಇದನ್ನು ಹೇಳಬೇಕಿಲ್ಲ. ಆದರೆ ಕಲಬುರಗಿಯಲ್ಲಿ ಕೂತು ನೋಡುವವರಿಗೆ ಇಷ್ಟೂ ಗೊತ್ತಿಲ್ಲದಿದ್ದರೂ ದೃಶ್ಯ ಅರ್ಥವಾಗಬೇಕು, ಆಗುತ್ತದೆ ಅಂದುಕೊಂಡಿದ್ದೇನೆ.

ಇಲ್ಲಿ ನಡೆದದ್ದು ಇಷ್ಟು. "ಮೇಲಿನ ತೋಟ" ಅಂತ ತಮ್ಮ ಒಂದು ತುಂಡನ್ನು ಹೆಸರಿಟ್ಟು ಕೇಳಿದ. ಅಣ್ಣ ಬೆಳೆ ಇಲ್ಲ ಅಂದ, ಅಂದರೆ ಹಂಚೋಕೆ ಏನಿದೆ ಅಂತ. ತಮ್ಮ ಅಪ್ಪನ ಹೆಸರು ತೆಗೆದ, ತೋಟ ಅಪ್ಪನದ್ದು ಅಂತ ನೆನಪಿಸಿದ. ಅಣ್ಣ ಅದೇ ಅಪ್ಪನನ್ನು ತಿರುಗಿಸಿ ಹೊಡೆದ. ಅತ್ತಿಗೆಯಂತೂ ನಾಲ್ಕು ದಿನದ ರಜೆಯನ್ನು ಒಂದೇ ರಾತ್ರಿಗೆ ಇಳಿಸಿದಳು. ಅದೂ ದೋಸೆ ಕೊಟ್ಟು.

ಅತ್ತಿಗೆಯ ಸಾಲಿಗೆ ಇನ್ನೊಂದು ಆಯ್ಕೆ ಇತ್ತು: "ಇಬ್ರಿಗೂ ಒಟ್ಟಿಗೆ ಎಲೆ ಹಾಕ್ಲಾ, ಬೇರೆ ಬೇರೆ ಹಾಕ್ಲಾ?" ಕೇಳೋಕೆ ಚೆನ್ನಾಗಿದೆ ಅಲ್ವಾ? ಆದರೆ ಹೊಡೆದು ಹಾಕಿ. ಮನೆ ಪಾಲಾಗುವ ವಿಷಯ ಆ ಸಾಲಲ್ಲಿ ಎದ್ದು ಕಾಣುತ್ತದೆ, ಬರೆದವರ ಜಾಣತನವೂ ಕಾಣುತ್ತದೆ.

ಉತ್ತರಗಳನ್ನು ಹೊಂದಿಸುವಾಗ ಒಂದು ಉಪಾಯ ತುಂಬ ಕೆಲಸಕ್ಕೆ ಬರುತ್ತದೆ. ಪಾಲ್ ಗ್ರೈಸ್ ಅನ್ನುವ ಬ್ರಿಟಿಷ್ ತತ್ವಶಾಸ್ತ್ರಜ್ಞ 1975ರಲ್ಲಿ ಪ್ರಕಟಿಸಿದ ಒಂದು ಪ್ರಬಂಧದಲ್ಲಿ ಹೀಗೆ ಹೇಳುತ್ತಾನೆ. ಮಾತಾಡುವಾಗ ನಾವು ಎದುರಿನವರು ಬೇಕಾದಷ್ಟೇ ಹೇಳುತ್ತಾರೆ, ನಿಜ ಹೇಳುತ್ತಾರೆ, ವಿಷಯಕ್ಕೆ ಸಂಬಂಧಪಟ್ಟದ್ದು ಹೇಳುತ್ತಾರೆ, ಸ್ಪಷ್ಟವಾಗಿ ಹೇಳುತ್ತಾರೆ ಅಂತ ನಂಬಿಕೊಂಡಿರುತ್ತೇವೆ. ಬೇಕಂತಲೇ ಯಾರಾದರೂ ಇದನ್ನು ಮುರಿದರೆ ಅಲ್ಲಿ ಇನ್ನೊಂದು ಅರ್ಥ ಹುಡುಕುತ್ತೇವೆ. ಅವನದೇ ಉದಾಹರಣೆ: ತತ್ವಶಾಸ್ತ್ರದ ಕೆಲಸಕ್ಕೆ ಅರ್ಜಿ ಹಾಕಿದ ಶಿಷ್ಯನ ಬಗ್ಗೆ ಮೇಷ್ಟ್ರು ಶಿಫಾರಸು ಪತ್ರ ಬರೆಯುತ್ತಾರೆ, ಹುಡುಗನ ಇಂಗ್ಲಿಷ್ ಚೆನ್ನಾಗಿದೆ, ತರಗತಿಗೆ ತಪ್ಪದೆ ಬರುತ್ತಿದ್ದ ಅಂತ. ಅಷ್ಟೇ. ಓದಿದವರಿಗೆ ಉಳಿದದ್ದು ಅರ್ಥವಾಗುತ್ತದೆ. ನಮ್ಮಲ್ಲಿ "ಹುಡುಗ ಹೆಂಗೆ?" ಅಂತ ಕೇಳಿದರೆ "ತೋಟ ಭಾರಿ ಚೆನ್ನಾಗಿದೆ" ಅನ್ನುತ್ತಾರಲ್ಲ, ಅದೇ ಇದು. ಕೇಳಿದ್ದಕ್ಕೂ ಹೇಳಿದ್ದಕ್ಕೂ ಒಂದು ಗೇಣು ಅಂತರ ಇರಲಿ. ಅದಕ್ಕಿಂತ ದೂರ ಹೋದರೆ ಪಾತ್ರಕ್ಕೆ ಕಿವಿ ಕೇಳಿಸುವುದಿಲ್ಲವೇನೋ ಅನಿಸುತ್ತದೆ.

5. ಕೈಗೆ ಕೆಲಸ ಕೊಡಿ

ಸುಮ್ನೆ ಎದುರುಬದುರು ನಿಂತು ಮಾತಾಡುವವರ ಬಾಯಲ್ಲಿ ಒಳಮಾತು ನಿಲ್ಲುವುದಿಲ್ಲ. ಸುಲಿಯೋದು, ಬಟ್ಟೆ ಮಡಚೋದು, ಕವಳದ (ಎಲೆ ಅಡಿಕೆಯ) ತಟ್ಟೆ ಮುಂದೆ ತಳ್ಳೋದು, ಏನಾದರೂ ಇರಲಿ. ಮೇಲಿನ ದೃಶ್ಯದಲ್ಲಿ ತಮ್ಮ ಅಡಿಕೆ ಸುಲಿಯದೆ ಹಿಡಿದುಕೊಂಡಿದ್ದಾನೆ. ಅದಕ್ಕೆ ಬೇರೆ ಡೈಲಾಗ್ ಬೇಡ. ಆವರಣದಲ್ಲಿ ಬರೆಯುವ ಸೂಚನೆ ಒಂದು ಸಾಲು ಮೀರದಿರಲಿ, ಮತ್ತೆ "ನೋವಿನಿಂದ", "ಅರ್ಥಗರ್ಭಿತವಾಗಿ" ಅಂತೆಲ್ಲ ಬರೆಯಬೇಡಿ. ಹೇಗೆ ಹೇಳಬೇಕು ಅನ್ನುವುದನ್ನು ನಟರಿಗೂ ನಿರ್ದೇಶಕರಿಗೂ ಬಿಡಿ.

6. ವಿವರಣೆಯನ್ನು ಕಿತ್ತುಹಾಕಿ

ಧಾರಾವಾಹಿಯಲ್ಲಿ ಒಳಮಾತನ್ನು ಕೊಲ್ಲುವ ಅಭ್ಯಾಸ ಹಲವು. ಪಾತ್ರ ಗೋಡೆ ಕಡೆ ತಿರುಗಿ ಮನಸ್ಸಲ್ಲೇ ಮಾತಾಡುವುದು. ಪಕ್ಕದಲ್ಲಿ ನಿಂತ ಇನ್ನೊಬ್ಬರು "ಅಂದರೆ ನೀವು ಹೇಳೋದು..." ಅಂತ ಬಿಡಿಸಿ ಕೇಳುವುದು. ಒಂದೇ ಮುಖದ ರಿಯಾಕ್ಷನ್ ಶಾಟ್ ಮೂರು ಸಲ, ಮೂರು ಸಲವೂ ಢಂ ಅಂತ ಸಂಗೀತ. ಕೊನೆಯದ್ದು ನಿಮ್ಮ ಕೈಲಿಲ್ಲ. ಮೊದಲೆರಡು ಇದೆ.

ಆದರೆ ಒಂದು ನಿಜವಾದ ಕಷ್ಟ ಇದೆ, ಅದನ್ನು ಮುಚ್ಚಿಡುವುದಿಲ್ಲ. ದಿನದ ಧಾರಾವಾಹಿಯನ್ನು ತುಂಬ ಜನ ಕಣ್ಣಿಟ್ಟು ನೋಡುವುದಿಲ್ಲ. ಒಲೆ ಮುಂದೆ ನಿಂತು ಕೇಳುತ್ತಾರೆ. ಪಾತ್ರಗಳು ಎಲ್ಲವನ್ನೂ ಬಾಯಿಬಿಟ್ಟು ಹೇಳಬೇಕು ಅಂತ ಚಾನೆಲ್‌ನವರು ಒತ್ತಾಯ ಮಾಡಿದರೆ ಅದಕ್ಕೆ ಕಾರಣ ಇದೇ, ಅವರಿಗೆ ಬುದ್ಧಿ ಇಲ್ಲ ಅಂತ ಬೈದುಕೊಂಡು ಪ್ರಯೋಜನ ಇಲ್ಲ. ನನ್ನ ಸಲಹೆ: ಅದೇ ದೃಶ್ಯದಲ್ಲಿ ಬಿಡಿಸಿ ಹೇಳುವ ಬದಲು ಮುಂದಿನ ಎಪಿಸೋಡಿನಲ್ಲಿ ಅದೇ ಒಳಮಾತನ್ನು ಬೇರೆ ಮೇಲುಮಾತಿನಲ್ಲಿ ಇನ್ನೊಬ್ಬರ ಬಾಯಲ್ಲಿ ತನ್ನಿ. ಶಿವಮೊಗ್ಗದಲ್ಲಿರುವ ತಂಗಿ ಫೋನ್ ಮಾಡಿ "ಈ ವರ್ಷದ ಅಪ್ಪೆಮಿಡಿ ಉಪ್ಪಿನಕಾಯಿಯಲ್ಲಿ ನಂಗೂ ಒಂದು ಭರಣಿ ಇಟ್ಟಿದೀರ ತಾನೇ?" ಅನ್ನಲಿ. 2005ರ ತಿದ್ದುಪಡಿ ಆದ ಮೇಲೆ ಹಿಂದೂ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೂ ಗಂಡುಮಕ್ಕಳಷ್ಟೇ ಹಕ್ಕು. ಅಣ್ಣನಿಗೆ ಅದು ಗೊತ್ತು, ಭರಣಿ ಮಾತು ಕೇಳಿ ಅವನು ಸುಮ್ಮನಾಗುತ್ತಾನೆ. ಒಗ್ಗರಣೆ ಹಾಕುತ್ತಾ ಕೇಳಿದವರಿಗೂ ಅಷ್ಟರಲ್ಲಿ ವಿಷಯ ತಲುಪಿರುತ್ತದೆ.

7. ಎಪಿಸೋಡಿಗೆ ಕೂರಿಸಿ

ಅರ್ಧ ಗಂಟೆಯ ಸ್ಲಾಟ್ ಅಂದರೆ ಅರ್ಧ ಗಂಟೆ ಕಥೆ ಅಂತಲ್ಲ. ಗಂಟೆಗೆ 12 ನಿಮಿಷ ಮೀರಿ ಜಾಹೀರಾತು ಹಾಕಬಾರದು ಅಂತ ಕೇಬಲ್ ಟಿವಿ ನಿಯಮ. ಅದನ್ನೂ ಟೈಟಲ್ಲನ್ನೂ ಕಳೆದರೆ ನಿಮಗೆ ಸಿಗುವುದು ಸುಮಾರು 22 ನಿಮಿಷ. ಎಲ್ಲ ದೃಶ್ಯದಲ್ಲೂ ಒಳಮಾತು ತುಂಬಬೇಡಿ, ನೋಡುವವರು ಸುಸ್ತಾಗುತ್ತಾರೆ. ಒಂದೋ ಎರಡೋ ಸಾಕು. ಉಳಿದ ಕಡೆ ಜನ ನೇರವಾಗಿ ಮಾತಾಡಲಿ.

ಮುಚ್ಚಿಟ್ಟದ್ದು ಯಾವಾಗ ಒಡೆಯುತ್ತದೆ ಅಂತಲೂ ಮೊದಲೇ ತೀರ್ಮಾನ ಮಾಡಿಕೊಳ್ಳಿ. ವಾರಗಟ್ಟಲೆ ಸುತ್ತಿಸಿದರೆ ಒಳಮಾತು ಹೋಗಿ ಬರೀ ಎಳೆದಾಟ ಉಳಿಯುತ್ತದೆ. ಹುಕ್‌ಗೆ ಕಿರುಚಾಟ ಬೇಕೇಬೇಕು ಅಂತ ಇಲ್ಲ. ಬೆಳಿಗ್ಗೆ ದೋಸೆ ತಿಂದು ಮುಗಿಸಿದ ತಮ್ಮ "ಅತ್ತಿಗೆ, ನಾಳೆಗೂ ಹಿಟ್ಟು ಉಳಿದಿದ್ಯಾ?" ಅಂತ ಕೇಳಿದರೆ ಸಾಕು.

8. ಓದಿಸಿ ಕೇಳಿ

ಇಬ್ಬರ ಕೈಲಿ ಜೋರಾಗಿ ಓದಿಸಿ. ಕಥೆ ಗೊತ್ತಿಲ್ಲದ ಇನ್ನೊಬ್ಬರನ್ನು ಕೂರಿಸಿ, ತಮ್ಮನ ಹೆಂಡತಿಯ ಆ ಫೋನ್ ಸಾಲನ್ನು ಮಾತ್ರ ಮೊದಲು ಹೇಳಿ. ಕೊನೆಗೆ "ಅರ್ಥ ಆಯ್ತಾ?" ಅಂತ ಕೇಳಬೇಡಿ, ಎಲ್ಲರೂ ಹೂಂ ಅನ್ನುತ್ತಾರೆ. "ಅತ್ತಿಗೆಗೆ ಏನು ಬೇಕಿತ್ತು?" ಅಂತ ಕೇಳಿ.

ಭಾಷೆ ಕೆಡುವುದು ಕಿವಿಗೆ ಬೇಗ ಗೊತ್ತಾಗುತ್ತದೆ. ಮಲೆನಾಡಿನ ಕನ್ನಡ ಅಂತ ಒಂದೇ ಒಂದು ಇಲ್ಲ. ತೀರ್ಥಹಳ್ಳಿ ಕಡೆಯ ಗೌಡರ ಮನೆಯ ಮಾತು, ಸಾಗರದ ಹವ್ಯಕರ ಮಾತು, ದೀವರ ಮಾತು, ಶಿವಮೊಗ್ಗ ಪೇಟೆಯ ಮಾತು, ಎಲ್ಲ ಬೇರೆ ಬೇರೆ. ಅಣ್ಣ ಒಂದು ಥರ, ತಮ್ಮ ಇನ್ನೊಂದು ಥರ ಮಾತಾಡಿದರೆ ಇಲ್ಲಿಯವರು ಮೊದಲ ನಿಮಿಷಕ್ಕೇ ನಗುತ್ತಾರೆ. ಗೊತ್ತಿರುವ ಒಂದನ್ನು ಹಿಡಿಯಿರಿ, ಅದನ್ನೂ ಹದವಾಗಿ ಬಳಸಿ. ನಟನೆ ಗೊತ್ತಿರುವವರ ಕೈಲಿ ಓದಿಸುವ ಅವಕಾಶ ಸಿಕ್ಕಿದರೆ ಬಿಡಬೇಡಿ. ಹೆಗ್ಗೋಡಿನ ನೀನಾಸಮ್‌ನಲ್ಲಿ 1980ರಿಂದ ರಂಗಶಿಕ್ಷಣ ನಡೆಯುತ್ತಿದೆ, ಅಲ್ಲಿ ಕಲಿತು ಬಂದವರು ಜಿಲ್ಲೆಯ ಮೂಲೆ ಮೂಲೆಯಲ್ಲಿ ನಾಟಕ ಮಾಡಿಸುತ್ತಿರುತ್ತಾರೆ, ಕೇಳಿಕೊಂಡರೆ ಓದಿಕೊಡುತ್ತಾರೆ.

9. ಕಳಿಸುವಾಗ

ಇಡೀ ಧಾರಾವಾಹಿ ಬರೆದು ಕಳಿಸಬೇಡಿ. ಒಂದು ಪುಟ ಕಥೆ, ಅರ್ಧ ಪುಟ ಪಾತ್ರಗಳು, ಹೀಗೆ ತಿದ್ದಿದ ಎರಡು ದೃಶ್ಯ. ಇಷ್ಟು ಸಾಕು.

ಕದ್ದುಬಿಟ್ಟರೆ ಏನು ಅಂತ ಎಲ್ಲರೂ ಕೇಳುತ್ತೀರಿ. 1957ರ ಕೃತಿಸ್ವಾಮ್ಯ ಕಾಯ್ದೆ ಪ್ರಕಾರ ಬರೀ ಐಡಿಯಾಗೆ ರಕ್ಷಣೆ ಇಲ್ಲ, ಬರೆದ ಕೃತಿಗೆ ಇದೆ. ಬರೆದ ಕೂಡಲೇ ಹಕ್ಕು ನಿಮ್ಮದಾಗುತ್ತದೆ, ನೋಂದಣಿ ಕಡ್ಡಾಯ ಅಲ್ಲ, ಆದರೆ ಜಗಳ ಬಂದಾಗ ಸಾಕ್ಷಿಯಾಗಿ ಅದು ಕೆಲಸಕ್ಕೆ ಬರುತ್ತದೆ. ಹಾಗಾಗಿ ಬಾಯಲ್ಲಿ ಕಥೆ ಹೇಳಿ ಬರುವ ಮುಂಚೆ ಬರೆದು, ನಿಮ್ಮದೇ ಇಮೇಲ್‌ಗೆ ಒಂದು ಪ್ರತಿ ಕಳಿಸಿಕೊಳ್ಳಿ, ತಾರೀಖು ದಾಖಲಾಗಿರುತ್ತದೆ. ಯಾರ ಹತ್ತಿರ, ಯಾವತ್ತು, ಏನು ಕೊಟ್ಟಿರಿ ಅಂತ ಬರೆದಿಟ್ಟುಕೊಳ್ಳಿ. ಕಥೆ ಓದೋಕೆ, ಚಾನೆಲ್‌ಗೆ ಪರಿಚಯ ಮಾಡಿಸೋಕೆ ಅಂತ ಯಾರಾದರೂ ದುಡ್ಡು ಕೇಳಿದರೆ ಅಲ್ಲಿಗೇ ನಿಲ್ಲಿಸಿ. ಬರೆದವರಿಗೆ ಅವರು ದುಡ್ಡು ಕೊಡಬೇಕು.